ಪರದೆ ಅಂಗಡಿಯ ಅರಬ್ಬಿ ಸಾಹೇಬರು

ನಮ್ಮ ಹುಣಸೂರಿನ ನಾಟಕ ಸಂಘದವರು ಹೋದ ವಾರ ನನ್ನ ಅಂಗಡಿಗೆ ಬಂದಿದ್ದರು. ವಾರ್ಷಿಕೋತ್ಸವಕ್ಕೆ ಒಂದು ಸಂಚಿಕೆ ತರುತ್ತಾರಂತೆ; ನೀವು ಕಂಡ ದೊಡ್ಡ ನಾಟಕಕಾರರ ಮೇಲೆ ಒಂದು ಲೇಖನ ಬರೆದುಕೊಡಿ ಎಂದರು. ನನಗೆ ನಗು ಬಂತು. ಮೂವತ್ತು ವರ್ಷದಿಂದ ಪರದೆ, ಕಿರೀಟ, ಗದೆ, ಗಡ್ಡ ಮೀಸೆಗಳನ್ನು ಬಾಡಿಗೆಗೆ ಕೊಡುವವನು ನಾನು. ನನ್ನಲ್ಲಿಗೆ ಬರುವವರು ಪಿರಿಯಾಪಟ್ಟಣದ ಭೀಮ, ಸಾಲಿಗ್ರಾಮದ ಶಕುನಿ, ಎಡತೊರೆ ಮುಳುಗಿದ ಮೇಲೆ ಕಟ್ಟಿದರಲ್ಲ ಆ ಹೊಸ ಕೃಷ್ಣರಾಜನಗರದ ದ್ರೌಪದಿ, ಅವಳಿಗೂ ಮೂರು ದಿನದ ಗಡ್ಡ. ನಾಟಕ ಬರೆಯುವ ಮನುಷ್ಯ ಅಂತ ನಾನು ಕಣ್ಣಾರೆ ಕಂಡದ್ದು ಒಬ್ಬರನ್ನೇ. ಅವರು ಬರೆದದ್ದರಲ್ಲಿ ಒಂದು ಸಾಲನ್ನೂ ನಾನು ಓದಿಲ್ಲ. ಈ ಸೀಮೆಯಲ್ಲಿ ಯಾರೂ ಓದಿಲ್ಲ. ಅಂಥವರ ಮೇಲೆ ಬರೆದರೆ ಹಾಕಿಕೊಳ್ಳುತ್ತೀರೇನ್ರಪ್ಪಾ ಎಂದು ಕೇಳಿದೆ. ಅವರು ಮುಖ ಮುಖ ನೋಡಿಕೊಂಡರು. ಹಾಕಿಕೊಂಡರೆ ಹಾಕಿಕೊಳ್ಳಲಿ, ಇಲ್ಲದಿದ್ದರೆ ಬಿಡಲಿ. ನಾನಂತೂ ಬರೆಯುತ್ತೇನೆ.

ಹೆಸರು ಮಾತ್ರ ಬರೆಯುವುದಿಲ್ಲ. ಆ ಹೆಸರಿನ ನಡುವೆ ಗಂಟಲಿನ ತಳದಿಂದ ಎಳೆದು ತರಬೇಕಾದ ಒಂದು ಅಕ್ಷರವಿತ್ತು. ವರ್ಷಗಟ್ಟಲೆ ತಿಣುಕಿದರೂ ಅದು ನನ್ನ ಬಾಯಿಗೆ ಬರಲಿಲ್ಲ. “ಬುಡು ಅಣ್ಣ, ನನ್ ಎಸ್ರು ಕೂಗ್ತೀಯೋ, ಕ್ಯಾಕರಿಸ್ತೀಯೋ ತಿಳೀದು” ಎಂದು ಅವರೇ ಕೈಬಿಟ್ಟರು. ಊರಿಗೆಲ್ಲ ಅವರು ಅರಬ್ಬಿ ಸಾಹೇಬರು. ನನಗೂ ಅಷ್ಟೇ.

ಮೊದಲು ಕಂಡ ದಿನ ನಾನು ಅರಮನೆ ಪರದೆಯನ್ನು ಅಂಗಡಿಯ ಮುಂದೆ ಬಿಸಿಲಿಗೆ ಕಟ್ಟಿದ್ದೆ. ಹೆಗ್ಗಡದೇವನಕೋಟೆ ಕಡೆಯವರು ತೆಗೆದುಕೊಂಡು ಹೋದ ಪರದೆ ತೇವ ಹಿಡಿಯದೆ ವಾಪಸ್ಸು ಬಂದದ್ದೇ ಇಲ್ಲ. ಮಸೀದಿ ಕಡೆಯಿಂದ ಒಬ್ಬರು ನಡೆದು ಬಂದರು. ಎತ್ತರದ ಆಳು, ಕಾಲಿನ ತನಕ ಇಳಿದ ನಿಲುವಂಗಿ, ಕುಚ್ಚಿನ ಕೆಂಪು ಟೋಪಿ. ಪರದೆಯ ಮುಂದೆ ನಿಂತು, ಅರಮನೆಯ ಕಂಬಗಳನ್ನು ಒಂದೊಂದಾಗಿ ನೋಡಿದರು. ಆಮೇಲೆ ಅದಕ್ಕೆ ಬೆನ್ನು ತಿರುಗಿಸಿ, ಬೀದಿಯ ಕಡೆಗೆ ಮೂರು ಹೆಜ್ಜೆ ಇಟ್ಟು, ತಮ್ಮ ಭಾಷೆಯಲ್ಲಿ ಮೆಲ್ಲಗೆ ಏನೋ ಎರಡು ಮಾತು ಆಡಿದರು. ಆಡಿ, ಉತ್ತರಕ್ಕೆ ಕಾಯುವವರ ಹಾಗೆ ಎಡಗಡೆ ನೋಡಿದರು. ಎಡಗಡೆ ನನ್ನ ಸೈಕಲ್ಲು ಬಿಟ್ಟರೆ ಏನೂ ಇರಲಿಲ್ಲ. ಆದರೆ ನಾನೂ ಎಡಗಡೆ ನೋಡಿದೆ! ಬೀದಿಯಲ್ಲಿ ಹೋಗುತ್ತಿದ್ದ ಗಾಡಿಯವನೂ ನೋಡಿದ. ಅಷ್ಟು ಸಾಕಾಯಿತು ನನಗೆ. “ಸಾಹೇಬ್, ಡ್ರಾಮಾ?” ಎಂದೆ. ಅವರು ಬೆಚ್ಚಿ, ತುಟಿಯ ಮೇಲೆ ಬೆರಳಿಟ್ಟುಕೊಂಡು ಅಂಗಡಿಯ ಒಳಗೆ ಬಂದುಬಿಟ್ಟರು.

ಅವರ ಊರು ಟ್ಯೂನಿಸ್. ಆಫ್ರಿಕಾ ಖಂಡದ ನೆತ್ತಿಯ ಮೇಲೆ, ಸಮುದ್ರದ ದಡದಲ್ಲಿದೆ ಎಂದು ಸ್ಕೂಲಿನ ಭೂಪಟದಲ್ಲಿ ಆಮೇಲೆ ನೋಡಿಕೊಂಡೆ. ಅಲ್ಲಿ ಫ್ರೆಂಚರ ಆಳ್ವಿಕೆ. ಅವರು ಬರೆದ ಒಂದು ನಾಟಕದಲ್ಲಿ ರೊಟ್ಟಿ ಸುಡುವ ಮುದುಕನೊಬ್ಬ ಪರದೇಶದ ಸಿಪಾಯಿಗಳಿಗೆ ರೊಟ್ಟಿ ಸುಡುವುದಿಲ್ಲ ಎನ್ನುತ್ತಾನೆ. ಅಷ್ಟೇ ಕತೆ. ಮೊದಲ ದಿನ ಜನ ಬಂದರು, ಎರಡನೇ ದಿನ ಜಾಗ ಸಾಲಲಿಲ್ಲ, ಮೂರನೇ ದಿನ ಮುಂದಿನ ಸಾಲಿನಲ್ಲಿ ಪೊಲೀಸರು ಕುಳಿತರು, ನಾಲ್ಕನೇ ದಿನ ಬಾಗಿಲಿಗೆ ಬೀಗ. ಮನೆಗೆ ನುಗ್ಗಿ ಅದುವರೆಗೆ ಬರೆದ ಒಂಬತ್ತು ನಾಟಕಗಳನ್ನೂ ಹೊತ್ತುಕೊಂಡು ಹೋದರು. ಇವರನ್ನು ಗಡಿ ದಾಟಿಸಿದರು. ಈಜಿಪ್ಟಿಗೆ ಬಂದು ಒಂದು ಕಂಪನಿಯಲ್ಲಿ ಪರದೆಯ ಹಿಂದೆ ನಿಂತು ನಟರಿಗೆ ಮಾತು ಎತ್ತಿಕೊಡುವ ಕೆಲಸ ಮಾಡಿದರು. ಅಲ್ಲೂ ಕೈ ಸುಮ್ಮನಿರಲಿಲ್ಲ, ಇನ್ನೊಂದು ಬರೆದರು. ಅಲ್ಲಿಯ ಇಂಗ್ಲಿಷ್ ಪೊಲೀಸರೂ ನಡಿ ಎಂದರು. ಮೆಕ್ಕಾಕ್ಕೆ ಹೋದರು. ಅಲ್ಲಿಂದ ಯಾತ್ರಿಕರ ಹಡಗು ಹತ್ತಿದರು. ಅದೇ ಹಡಗಿನಲ್ಲಿ ನಮ್ಮೂರಿನ ತೊಗಲಿನ ವ್ಯಾಪಾರಿ ಹಾಜಿಗಳಿದ್ದರು. ಕಾಲರಾ ಎಂದು ಹಡಗನ್ನು ಯಾವುದೋ ದ್ವೀಪದ ಹತ್ತಿರ ಇಪ್ಪತ್ತು ದಿನ ನಿಲ್ಲಿಸಿದಾಗ ಹಾಜಿಗಳು ಮಲಗಿಬಿಟ್ಟರಂತೆ. ಇವರು ಆರೈಕೆ ಮಾಡಿ ಬದುಕಿಸಿದರು. ಹಾಜಿಗಳು ಕೈಹಿಡಿದು ಹುಣಸೂರಿಗೆ ಕರೆದುಕೊಂಡು ಬಂದು, ತೊಗಲು ಮಂಡಿಯ ಹಿಂದೆ ಒಂದು ಕೋಣೆ ಕೊಟ್ಟರು. ಎರಡು ಹೊತ್ತು ಊಟ ಅವರ ಮನೆಯಿಂದಲೇ.

ಅರಬ್ಬರ ನಾಡಿನಿಂದ ಬಂದವರು, ಆ ಭಾಷೆಯಲ್ಲೇ ಮಾತಾಡುವವರು ಎಂದರೆ ಹಾಜಿಗಳ ಕೇರಿಯಲ್ಲಿ ಕಡಿಮೆ ಮಾತೇ? ಮಕ್ಕಳಿಗೆ ಓದು ಹೇಳಿಕೊಡಿ ಎಂದರು, ಹೇಳಿಕೊಟ್ಟರು. ಜ್ವರ ಬಂದ ಕೂಸುಗಳನ್ನು ತಂದು ಮಂತ್ರಿಸಿ ಊದಿ ಎಂದರು. ಅದನ್ನೂ ಮಾಡಿದರು. ನನ್ನ ಅಂಗಡಿಗೆ ಬಂದು ಮಾತ್ರ ತಲೆ ಚಚ್ಚಿಕೊಳ್ಳುತ್ತಿದ್ದರು. “ನಾನು ಜನಾನ ನಗ್ಸೋ ನಾಟ್ಕ ಬರೆಯೋನು ಅಣ್ಣ. ನನ್ ಉಸ್ರಲ್ಲಿ ಏನೈತೆ? ಆ ತಾಯಿ ಮೊಕ ನೋಡಿ ಆಗಲ್ಲ ಅನ್ನಕಾಯ್ತದಾ?”

ಒಂದು ಮಾತನ್ನು ಅವರು ನನ್ನಿಂದ ತೆಗೆದುಕೊಂಡಿದ್ದರು. ತಾವು ನಾಟಕದವರು ಎಂಬುದು ಹಾಜಿಗಳ ಮನೆಗೆ ತಿಳಿಯಕೂಡದು. “ನಾಟ್ಕ ನನ್ನ ಎಲ್ಡೂರಿಂದ ಓಡ್ಸೈತೆ. ಇದು ಮೂರನೇದು. ನಾಕನೇ ಊರು ಎಲ್ಲೈತೆ?” ಎಂದರು. ನಾನು ಕೊರಳಿನ ಲಿಂಗ ಮುಟ್ಟಿಕೊಂಡು, ಸತ್ತರೂ ಹೇಳುವುದಿಲ್ಲ ಎಂದೆ. ಹೇಳಲಿಲ್ಲ. ಆ ಮಾತನ್ನು ಅಷ್ಟು ಚೆನ್ನಾಗಿ ಉಳಿಸಿಕೊಂಡೆನಲ್ಲ ಎಂದು ಈಗ ನನ್ನ ಮೇಲೆ ನನಗೇ ಅಸಹ್ಯವಾಗುತ್ತದೆ.

ಅವರ ಕನ್ನಡದ ಬಗ್ಗೆ ಹೇಳಬೇಕು. ಕಲಿತದ್ದು ನನ್ನ ಅಂಗಡಿಯಲ್ಲಿ, ಗದೆ ಕಿರೀಟ ಬಾಡಿಗೆಗೆ ಬರುವ ಗೌಡರ ಬಾಯಿಂದ. ‘ನೀವು’, ‘ಬನ್ನಿ’ ಎಂಬ ಮಾತುಗಳು ಲೋಕದಲ್ಲಿ ಇವೆಯೆಂದೇ ಅವರಿಗೆ ತಿಳಿದಿರಲಿಲ್ಲ. ಒಂದು ದಿನ ಅಮಲ್ದಾರರು ಜವಾನನ ಸಮೇತ ಹಾಜಿಗಳ ಮಂಡಿಗೆ ಬಂದರು. ಹಾಜಿಗಳು ಒಳಗಿಂದ ಓಡಿ ಬರುವಷ್ಟರಲ್ಲಿ ಇವರು ಎದ್ದು, “ಬಾರ್ಲಾ, ಬಿಸ್ಲಾಗೆ ಯಾಕ್ ನಿಂತೀಯಾ, ಕುಂತ್ಕೋ” ಎಂದು ಅಮಲ್ದಾರರ ಭುಜ ಹಿಡಿದು ಕೂರಿಸಿಯೇಬಿಟ್ಟರು. ಹಾಜಿಗಳ ಮುಖದಲ್ಲಿ ರಕ್ತವಿಲ್ಲ. ಅಮಲ್ದಾರರು ಒಂದು ಗಳಿಗೆ ಗರ ಬಡಿದವರ ಹಾಗೆ ಕುಳಿತಿದ್ದು, ಆಮೇಲೆ ಹೊಟ್ಟೆ ಹಿಡಿದುಕೊಂಡು ನಕ್ಕರು. ಪಾಪ, ಅವರನ್ನು ಅಷ್ಟು ವಿಶ್ವಾಸವಾಗಿ ಯಾರೂ ಮಾತಾಡಿಸಿರಲಿಲ್ಲವೋ ಏನೋ. ಅಂದಿನಿಂದ ಆ ದಾರಿಯಲ್ಲಿ ಹೋದಾಗಲೆಲ್ಲ ಮಂಡಿಗೆ ಬಂದು ಕುಳಿತು ಹೋಗುತ್ತಿದ್ದರು.

ಸಂತೆಯ ದಿನ ಇವರನ್ನು ಹಿಡಿಯುವುದೇ ಕಷ್ಟ. ಎಲ್ಲಿ ಜಗಳವೋ ಅಲ್ಲಿ ಇವರು. ಬಿಡಿಸುವುದಕ್ಕಲ್ಲ, ಕೇಳುವುದಕ್ಕೆ. ಕಣ್ಣು ಮುಚ್ಚಿಕೊಂಡು, ಕೈ ಹಿಂದೆ ಕಟ್ಟಿಕೊಂಡು ನಿಲ್ಲುತ್ತಿದ್ದರು. ಹೊಗೆಸೊಪ್ಪಿನ ತೂಕಕ್ಕೆ ಇಬ್ಬರು ಹೊಡೆದಾಡುವ ಮಟ್ಟಕ್ಕೆ ಹೋಗಿ ಆಮೇಲೆ ರಾಜಿಯಾದರೆ, “ಸುರು ಚಂದಾಗಿತ್ತು ಅಣ್ಣ, ಕೊನೆ ಕೆಡಿಸ್ಬುಟ್ರು” ಎಂದು ಬೇಸರಪಟ್ಟುಕೊಂಡು ಬರುವರು.

ಬೆಟ್ಟದಪುರದ ಕಾಳೇಗೌಡ ದುರ್ಯೋಧನನ ಪಾತ್ರ ಮಾಡುತ್ತಿದ್ದ. ಹೊಗೆಸೊಪ್ಪು ಬೆಳೆಯುವ ಕುಳ, ಗಂಟಲು ಊರಾಚೆಗೆ ಕೇಳಿಸುವಂಥದು. ಒಂದು ಸಲ ತಾಲೀಮಿಗೆ ನಾನು ಹೊರಟಾಗ ಇವರೂ ಗಾಡಿ ಹತ್ತಿದರು. ಗುಡಿಯ ಮುಂದೆ ಹಾಡುಹಗಲು ತಾಲೀಮು. ಕಾಳೇಗೌಡ ಮೀಸೆ ತಿರುವುತ್ತ, ತೊಡೆ ತಟ್ಟುತ್ತ ಅಬ್ಬರಿಸುತ್ತಿದ್ದ. ಇವರು ಎದ್ದು ಹೋಗಿ ಅವನ ಕೈ ಹಿಡಿದು ಕೆಳಗೆ ಇಳಿಸಿದರು.

“ಯಾಕ್ ಸಾಬ್ರೇ? ರಾಜ ಅಂದ್ಮೇಲೆ ಮೀಸೆ ತಿರುವದೆ ಇರ್ತಾನಾ?” ಎಂದ ಕಾಳೇಗೌಡ.

“ಎದರ್ಕೊಂಡೋನು ಮೀಸೆ ತಿರುವ್ತಾನೆ ಕಣ್ಲಾ. ನೀ ರಾಜ. ಸುಮ್ಕೆ ನಿಂತ್ಕೋ. ಅವರ ಕಡೀಕೆ ನೋಡು. ಅವರೇ ಎದರ್ಕೊಳ್ಳಲಿ.”

ಕಾಳೇಗೌಡ ಸುಮ್ಮನೆ ನಿಂತ. ಕೈ ಎಲ್ಲಿ ಇಟ್ಟುಕೊಳ್ಳುವುದೆಂದು ತಿಳಿಯದೆ ಮೊದಲು ಒದ್ದಾಡಿದ, ಆಮೇಲೆ ಅದೂ ನಿಂತಿತು. ಸುಮ್ಮನೆ ನೋಡುತ್ತ ನಿಂತ ಆ ದುರ್ಯೋಧನನನ್ನು ಕಂಡು, ಎದುರಿಗೆ ಕುಳಿತಿದ್ದ ಅವನ ಹೆಂಡತಿಯೇ ಸೆರಗು ಸರಿಮಾಡಿಕೊಂಡಳು. ನಾಟಕದ ದಿನ ಅವನು ಮತ್ತೆ ಹಳೇ ಚಾಳಿಗೇ ಹೋಗಿ ತೊಡೆ ತಟ್ಟಿದ, ಆ ಮಾತು ಬೇರೆ. ಆದರೆ ಆ ಒಂದು ಗಳಿಗೆ ನಾನು ಕಂಡದ್ದನ್ನು ಎಷ್ಟು ಕಂಪನಿ ನಾಟಕ ನೋಡಿದರೂ ಮತ್ತೆ ಕಾಣಲಿಲ್ಲ.

ಇಷ್ಟು ವರ್ಷವೂ ಅವರು ಒಂದು ನಾಟಕ ಬರೆಯುತ್ತಿದ್ದರು. ಆ ಕೋಣೆಯಲ್ಲಿ, ಹಸಿ ತೊಗಲು ಮತ್ತು ಅದನ್ನು ಹದ ಮಾಡುವ ತಂಗಡಿ ತೊಗಟೆಯ ವಾಸನೆಯ ನಡುವೆ, ಒಂದು ಮರದ ಪೆಟ್ಟಿಗೆಯ ಮೇಲೆ ಕಾಗದ ಇಟ್ಟುಕೊಂಡು. ಕಾಗದ ತಂದುಕೊಡುತ್ತಿದ್ದವನು ನಾನು. ಕತೆ ನನಗೆ ಹೇಳಿದ್ದರು. ಯಾತ್ರಿಕರ ಹಡಗೊಂದನ್ನು ರೋಗವಿದೆ ಎಂದು ಯಾವ ಬಂದರಿನಲ್ಲೂ ಇಳಿಸಿಕೊಳ್ಳುವುದಿಲ್ಲ. ಹಡಗು ಸುತ್ತುತ್ತಲೇ ಇರುತ್ತದೆ. ಒಳಗಿದ್ದವರು ಬೇರೆ ದಾರಿ ಕಾಣದೆ ಅಲ್ಲೇ ಊರು ಮಾಡಿಕೊಳ್ಳುತ್ತಾರೆ. ಅಲ್ಲೇ ಸಂತೆ, ಅಲ್ಲೇ ಮದುವೆ, ಅಲ್ಲೇ ಒಬ್ಬ ಅಮಲ್ದಾರ. ನಮ್ಮ ಸಂತೆಯ ಜಗಳಗಳೆಲ್ಲ ಆ ಹಡಗು ಹತ್ತಿದ್ದವು. “ನೀನೂ ಇದ್ದೀಯ ಅಣ್ಣ” ಎಂದರು ಒಮ್ಮೆ. ಹಡಗಿನಲ್ಲಿ ಒಬ್ಬ ಪರದೆ ವ್ಯಾಪಾರಿ ಇದ್ದಾನಂತೆ, ಇಳಿಯುವ ಊರು ಸಿಗದವರಿಗೆ ಅರಮನೆಯ ಪರದೆ ಬಿಚ್ಚಿ ತೋರಿಸುತ್ತಾನಂತೆ. ನಾನು ಏನು ಮಾತಾಡುತ್ತೇನೆ ಅದರಲ್ಲಿ ಎಂದು ಎಷ್ಟು ಸಲ ಗೋಗರೆದರೂ ಹೇಳಲಿಲ್ಲ. “ಆಡ್ದಾಗ ನೋಡೀವಂತೆ.”

ಆಡುವವರೂ ಇದ್ದರು, ಅದೇ ದೊಡ್ಡ ಆಸೆ. ಈಜಿಪ್ಟಿನ ಕಂಪನಿಯಲ್ಲಿ ಜೊತೆಗಿದ್ದ ಗೆಳೆಯನೊಬ್ಬ ಈಗ ತನ್ನದೇ ಕಂಪನಿ ಕಟ್ಟಿದ್ದ. ಬರೆದು ಮುಗಿಸಿ ಕಳಿಸು, ಬೇರೆ ಹೆಸರಿನಲ್ಲಾದರೂ ಸರಿ, ನಾನು ಆಡಿಸುತ್ತೇನೆ ಎಂದು ಆತನಿಂದ ಕಾಗದ ಬಂದಿತ್ತು. ಅದನ್ನು ನನಗೆ ಎರಡೆರಡು ಸಲ ಓದಿ ಹೇಳಿದರು. ಒಂಬತ್ತು ನಾಟಕ ಹೋದವು, ಇದೊಂದು ಆಡಿದರೆ ಸಾಕು, ನಾನು ಬದುಕಿದ್ದಕ್ಕೆ ಲೆಕ್ಕ ಸರಿಹೋಗುತ್ತದೆ ಎಂದರು. ನಾಟಕ ಮುಗಿಯಿತು. ಅಷ್ಟರಲ್ಲಿ ಯುದ್ಧ ಶುರುವಾಗಿತ್ತು. ಹಡಗುಗಳು ಮುಳುಗುತ್ತಿದ್ದ ಕಾಲ, ಅಂಚೆಯಲ್ಲಿ ದಪ್ಪನೆಯ ಅರಬ್ಬಿ ಗಂಟು ಕಂಡರೆ ಸರ್ಕಾರದವರು ದಾರಿಯಲ್ಲೇ ಬಿಚ್ಚಿ ಹಿಡಿದಿಟ್ಟುಕೊಳ್ಳುವ ಕಾಲ. ಇನ್ನೊಂದು ಪ್ರತಿ ಮಾಡೋಣವೆಂದರೆ ಮೈಸೂರೆಲ್ಲ ಸುತ್ತಿದರೂ ನನಗೆ ಕಾಗದ ಸಿಗಲಿಲ್ಲ. ಯುದ್ಧ ಮುಗಿಯಲಿ ಎಂದು ಗಂಟನ್ನು ಪೆಟ್ಟಿಗೆಯೊಳಗೆ ಇಟ್ಟರು.

ಯುದ್ಧ ಮುಗಿಯುವ ಮೊದಲು ಅವರ ಎದೆ ಕೈಕೊಟ್ಟಿತು. ಕೆಮ್ಮಿದರೆ ರಕ್ತ. ಹಾಜಿಗಳು ಮೈಸೂರಿನ ಆಸ್ಪತ್ರೆಗೆ ಸೇರಿಸಿದರು. ಹೊರಡುವ ದಿನ ನನ್ನನ್ನು ಕರೆದು, “ಪೆಟ್ಗೆ ನೋಡ್ಕೋ ಅಣ್ಣ” ಎಂದರು. ಅಂಗಡಿಗೆ ತಂದಿಟ್ಟುಕೊಳ್ಳಲಾ ಎಂದೆ. “ಬ್ಯಾಡ. ನಿನ್ ಅಂಗ್ಡಿ ಇಲಿಗಳು ಬೀಮನ ಗಡ್ಡಾನೇ ಬುಡಾಕಿಲ್ಲ” ಎಂದು ಆ ಸ್ಥಿತಿಯಲ್ಲೂ ನಕ್ಕರು.

ಆ ವರ್ಷದ ಮಳೆಗೆ ಕೋಣೆಯ ಮಾಡು ಸೋರಿತು. ಹಂಚು ಇಳಿಸಿ ಹೊಸದಾಗಿ ಹೊದಿಸಲು ಆಳುಗಳು ಬಂದರು. ವಿಷಯ ತಿಳಿದು ನಾನು ಪೆಟ್ಟಿಗೆಯ ಗತಿಯೇನೆಂದು ಹಾಜಿಗಳ ಮನೆಗೆ ಹೋದೆ. ಹಾಜಿಗಳಿರಲಿಲ್ಲ. ಅವರ ಹೆಂಡತಿ ಬಾಗಿಲ ಪರದೆಯ ಹಿಂದಿನಿಂದಲೇ ಮಾತಾಡಿದರು.

“ಬಂದಿದ್ದು ಒಳ್ಳೇದಾಯ್ತು ಯಜಮಾನ್ರೆ. ಸಾಹೇಬ್ರ ಪೆಟ್ಗೆ ಎತ್ತಿಡ್ವಾಗ ಒಂದ್ ಗಂಟು ಕಾಗ್ದ ಸಿಕ್ತು. ಉರ್ದು ಅಲ್ಲ ಅಂತಾರೆ ಹುಡುಗ್ರು. ಏನು ಅದು, ಸುಮ್ನೆ ಬರ್ಕೊಂಡಿರೋದಾ, ಇಲ್ಲಾ ದೇವ್ರು ದೀನಿನ ಕಿತಾಬಾ? ನಿಮ್ಗೇನಾದ್ರೂ ಹೇಳಿದ್ರಾ?”

ನನ್ನ ತಲೆ ಬಲು ಚುರುಕಾಗಿ ಓಡಿತು, ಅದಕ್ಕೆ ಬೆಂಕಿ ಬೀಳ. ಸುಮ್ಮನೆ ಬರೆದುಕೊಂಡದ್ದು ಎಂದರೆ, ಕಾಗದಕ್ಕೆ ಅಷ್ಟು ಬರವಿರುವಾಗ, ಯಾವನಾದರೂ ಆಳು ಎತ್ತಿಕೊಂಡು ಹೋಗಿ ಪೊಟ್ಟಣ ಕಟ್ಟಲು ದಿನಸಿ ಅಂಗಡಿಗೆ ಹಾಕಿಬಿಡುತ್ತಾನೆ. ನಾಟಕ ಎಂದರೆ ಕೊಟ್ಟ ಮಾತು ಮುರಿಯುತ್ತದೆ. “ಅಯ್ಯೋ ಅಮ್ಮಾ, ಅದು ದೊಡ್ಡ ಕಿತಾಬು. ಸಾಹೇಬ್ರು ವರ್ಷಗಟ್ಲೆ ಕೂತು ಬರೆದಿರೋದು. ಎಲ್ಲಾ ದೇವರ ಮಾತು. ಯಾರೂ ಹಾಗೇ ಮುಟ್ಟಬಾರದು” ಎಂದೆ. “ಯಾ ಅಲ್ಲಾ” ಎಂದು ಅವರು ಒಳಗೆ ಉಸಿರೆಳೆದುಕೊಂಡದ್ದು ನನಗೆ ಕೇಳಿಸಿತು. ಇನ್ನು ಆ ಗಂಟಿಗೆ ಯಾರ ಕೈಯೂ ತಗಲುವುದಿಲ್ಲವೆಂದು ನಾನು ಹಿಗ್ಗಿಕೊಂಡು ಮನೆಗೆ ಬಂದೆ. ಹೆಂಡತಿಗೂ ಹೇಳಿಕೊಂಡೆ, ಎಂಥಾ ಉಪಾಯ ಮಾಡಿದೆ ನೋಡು ಎಂದು.

ನಾನು ಗಂಟನ್ನು ಕಣ್ಣಿನಿಂದ ನೋಡಿರಲಿಲ್ಲ. ಮಾಡು ಸೋರಿ ಪೆಟ್ಟಿಗೆಯೊಳಗೆ ನೀರು ಹೋಗಿತ್ತು, ಒಂದು ಮೂಲೆಯಿಂದ ಗೆದ್ದಲು ತಿಂದಿತ್ತು. ಅಂಚು ಹರಿದಿತ್ತು, ಅಲ್ಲಲ್ಲಿ ಮಸಿ ಹರಡಿತ್ತು. ಹಾಗಿದ್ದರೂ ಮುಕ್ಕಾಲುಪಾಲು ಓದಬಹುದಿತ್ತಂತೆ.

ಒಂದು ವಾರ ಕಳೆದಿರಬೇಕು. ಬೆಳಿಗ್ಗೆ ಕಾಡಿನ ಪರದೆಗೆ ತೇಪೆ ಹಾಕುತ್ತ ಕುಳಿತಿದ್ದೆ. ಅತ್ತರಿನ ಪರಿಮಳ ಬಂತು, ತಲೆ ಎತ್ತಿದರೆ ನಲವತ್ತು ಐವತ್ತು ಜನ ಬೀದಿಯಲ್ಲಿ ಬರುತ್ತಿದ್ದರು. ಎಲ್ಲರೂ ಒಗೆದ ಬಟ್ಟೆ ಉಟ್ಟಿದ್ದರು, ಯಾರ ಕಾಲಲ್ಲೂ ಚಪ್ಪಲಿಯಿರಲಿಲ್ಲ. ಮುಂದೆ ಹಾಜಿಗಳು, ಅವರ ತಲೆಯ ಮೇಲೆ ಹೊಸ ಹಸಿರು ಬಟ್ಟೆಯಲ್ಲಿ ಸುತ್ತಿದ ಒಂದು ಗಂಟು. ಅವರಲ್ಲಿ ಒಂದು ಪದ್ಧತಿಯುಂಟು, ನಾನು ಹಿಂದೆಯೂ ಕಂಡಿದ್ದೆ. ದೇವರ ಮಾತು ಬರೆದ ಹಾಳೆ ಹರಿದರೆ, ಹುಳು ಹಿಡಿದರೆ ಮನೆಯಲ್ಲಿ ಇಟ್ಟುಕೊಳ್ಳುವುದಿಲ್ಲ. ಕಾಲಿಗೆ ಸಿಕ್ಕೀತು, ಕಸಕ್ಕೆ ಬಿದ್ದೀತು ಎಂದು ಹರಿಯುವ ನೀರಿಗೆ ಒಪ್ಪಿಸುತ್ತಾರೆ. ಠಂಡಾ ಮಾಡುವುದು ಎನ್ನುತ್ತಾರೆ. ಮಸೀದಿಯ ಹಳೆಯ ಹಾಳೆಗಳಿರಬೇಕು ಎಂದುಕೊಂಡು ನಾನು ಎದ್ದು, ಚಪ್ಪಲಿ ಬಿಟ್ಟು, ಅಂಗಡಿಯಿಂದ ಇಳಿದು ಕೈ ಮುಗಿದೆ. ಹಾಜಿಗಳು ನನ್ನ ಕಡೆ ನೋಡಿ ಸಂತೋಷದಿಂದ ತಲೆಯಾಡಿಸಿದರು. ಲಕ್ಷ್ಮಣತೀರ್ಥ ಹೊಳೆ ತುಂಬಿ ಹರಿಯುತ್ತಿತ್ತು.

ಬದುಕುವುದಿಲ್ಲ ಎಂದು ಡಾಕ್ಟರು ಹೇಳಿದ್ದರೂ ಅರಬ್ಬಿ ಸಾಹೇಬರು ಒಂದೂವರೆ ತಿಂಗಳಿಗೆ, ಪೆಟ್ರೋಲಿಲ್ಲದ ಆ ಕಾಲದ ಇದ್ದಿಲ ಬಸ್ಸಿನಲ್ಲಿ ವಾಪಸ್ಸು ಬಂದರು. ಅಂಗಿಯೊಳಗೆ ಮೂಳೆ ಬಿಟ್ಟರೆ ಏನೂ ಇರಲಿಲ್ಲ. ಹೊಸ ಹಂಚಿನ ಕೆಳಗೆ ಅವರನ್ನು ಮಲಗಿಸಿ, ಹಾಜಿಗಳೂ ನಾನೂ ಹತ್ತಿರ ಕುಳಿತೆವು. ಹಾಜಿಗಳಿಗೆ ಹೇಳುವ ಆತುರ.

“ನೀವು ನಮ್ಗೆ ಒಂದು ಮಾತೂ ಹೇಳ್ಲಿಲ್ಲ ಸಾಹೇಬ್ರೆ, ಅಂಥಾ ಕಿತಾಬು ಬರೀತಿದ್ದೀರಾ ಅಂತ. ಗೆದ್ದಲು ಮುಟ್ಟಿತ್ತು. ನಮ್ ಮಸೀದಿ ಹಿರೀಕರು ನೋಡಿ, ಸಾಲ್ ಸಾಲಿಗೂ ಅಲ್ಲಾಹುನ ಹೆಸರಿದೆ, ಇದನ್ನ ಹಿಂಗೆ ಇಡಬಾರ್ದು ಅಂದ್ರು. ಹಸಿರು ಬಟ್ಟೆ, ಅತ್ತರು, ಎಲ್ಲಾ ಮಾಡಿ ನನ್ ತಲೆ ಮೇಲೇ ಹೊತ್ಕೊಂಡ್ಹೋಗಿ ಹೊಳೆಗೆ ಕೊಟ್ಟೆ. ಕೇರಿಗೆ ಕೇರಿನೇ ಬಂದಿತ್ತು. ಈ ಯಜಮಾನ್ರೂ ಇಳಿದು ಕೈಮುಗಿದ್ರು, ಕೇಳಿ ಬೇಕಾದ್ರೆ.”

ನಾಟಕದಲ್ಲಿ ಮಾತಾಡುವವರೆಲ್ಲ ಸಂತೆಯ ಜನ. ಬಾಯಿ ತೆರೆದರೆ ದೇವರಾಣೆ, ಜಗಳಕ್ಕೂ ದೇವರಾಣೆ, ಸುಳ್ಳಿಗೂ ದೇವರಾಣೆ. ಸಾಲು ಸಾಲಿಗೂ ಹೆಸರು ಇರದೆ ಏನಾಗುತ್ತದೆ? ಆ ಹಿರಿಯರಿಗೆ ಅಕ್ಷರ ಓದಲು ಬರುತ್ತಿತ್ತು, ಅರ್ಥ ತಿಳಿಯುತ್ತಿರಲಿಲ್ಲ.

ಅರಬ್ಬಿ ಸಾಹೇಬರು ನನ್ನ ಕಡೆ ಒಂದು ಸಲ ನೋಡಿದರು. ಆಮೇಲೆ ಗೋಡೆ ಹಿಡಿದು ಎದ್ದು ಕುಳಿತರು. ಹಾಜಿಗಳ ಎರಡೂ ಕೈಗಳನ್ನು ತೆಗೆದುಕೊಂಡು ಮುತ್ತಿಟ್ಟು, ಕಣ್ಣಿಗೆ ಒತ್ತಿಕೊಂಡರು. “ದೊಡ್ಡ ಉಪ್ಕಾರ ಮಾಡಿದ್ರಿ” ಎಂದರು. ಅವರ ಬಾಯಲ್ಲಿ ‘ರಿ’ ಬಂದದ್ದನ್ನು ನಾನು ಕೇಳಿದ್ದು ಅದೇ ಮೊದಲು. ಹಾಜಿಗಳ ಕಣ್ಣಲ್ಲಿ ನೀರು. ಅವರು ಹಾಲು ತರಲು ಎದ್ದು ಹೋದರು.

“ಯಾರ್ ಏಳಿದ್ದು, ದೇವ್ರ ಮಾತು ಅಂತ?”

“ನಾನೇ” ಎಂದೆ. ನಡೆದದ್ದೆಲ್ಲ ಹೇಳಿದೆ. ಬೈಯಲಿ, ಕಪಾಳಕ್ಕೆ ಹೊಡೆಯಲಿ ಎಂದು ಕಾದೆ.

“ಆ ಪೋಲಿಸ್ನೋರು ಓದಾದ್ರೂ ಓದಿದ್ರು” ಎಂದರು. ಗೋಡೆಯ ಕಡೆ ತಿರುಗಿ ಮಲಗಿದರು.

ಮಾರನೆಯ ದಿನದಿಂದ ನಾನು ಒಂದು ಪುಸ್ತಕ ಹಿಡಿದುಕೊಂಡು ಹೋಗಿ ಕುಳಿತೆ. ನೀವು ಹೇಳಿ, ಕನ್ನಡದಲ್ಲಾದರೂ ಬರೆದುಕೊಳ್ಳುತ್ತೇನೆ ಎಂದು ಅಂಗಲಾಚಿದೆ. ಅವರು ಕಣ್ಣು ಮುಚ್ಚಿ ತಮ್ಮ ಭಾಷೆಯಲ್ಲಿ ಒಂದು ಸಾಲು ಶುರುಮಾಡುವರು. ಅರ್ಧಕ್ಕೆ ನಿಲ್ಲಿಸಿ ತಲೆಯಾಡಿಸುವರು. “ಇದಲ್ಲ.” ಇನ್ನೊಂದು ಸಾಲು. “ಇದೂ ಅಲ್ಲ.” ಹದಿನೈದು ದಿನ ಹೀಗೆ. ಪುಸ್ತಕದಲ್ಲಿ ಮೊದಲ ಪುಟದ ಮೇಲೆ ನಾನು ಬರೆದ ಶ್ರೀ ಒಂದನ್ನು ಬಿಟ್ಟು ಬೇರೆ ಅಕ್ಷರ ಬೀಳಲಿಲ್ಲ. “ಕತೆ ಐತೆ ಅಣ್ಣ, ಮಾತು ಓಯ್ತು. ಕತೆ ಯಾವನ್ ತಾವ ಇಲ್ಲ?” ಎಂದರು ಕೊನೆಗೆ. ಪುಸ್ತಕ ಮುಚ್ಚು ಎಂದು ಕೈಸನ್ನೆ ಮಾಡಿದರು.

ನಾನು ಕೆಟ್ಟವನು, ಆಗಲೂ ಕೇಳಿದೆ. “ಪರದೆ ವ್ಯಾಪಾರಿ ಏನು ಮಾತಾಡ್ತಾನೆ, ಅದೊಂದಾದರೂ ಹೇಳಿ.”

ಅವರು ನಿಜವಾಗಿಯೂ ನೆನಪು ಮಾಡಿಕೊಳ್ಳಲು ನೋಡಿದರು. ಹಣೆಯೆಲ್ಲ ಗಂಟಾಯಿತು. “ಗ್ಯಾಪ್ಕ ಇಲ್ಲ ಅಣ್ಣ. ಚಂದಾಗಿತ್ತು” ಎಂದರು.

ಆಮೇಲೆ ಅವರು ಅಂಗಡಿಗೆ ಬರಲಿಲ್ಲ, ಸಂತೆಗೂ ಹೋಗಲಿಲ್ಲ. ದೀಪಾವಳಿ ಕಳೆದ ಮೇಲೆ ಹೋಗಿಬಿಟ್ಟರು. ಜನ ಬಹಳ ಸೇರಿದ್ದರು. ದೊಡ್ಡ ಪುಣ್ಯಾತ್ಮರು, ಕಿತಾಬು ಬರೆದವರು ಎಂದು ಎಲ್ಲರೂ ಮಾತಾಡಿಕೊಳ್ಳುತ್ತಿದ್ದರು. ನಾನೂ ಒಂದು ಹಿಡಿ ಮಣ್ಣು ಹಾಕಿದೆ. ಒಬ್ಬ ನಾಟಕಕಾರನನ್ನು ಮಣ್ಣು ಮಾಡುತ್ತಿದ್ದೇವೆಂದು ಅಲ್ಲಿ ಇನ್ನೊಬ್ಬರಿಗೆ ಗೊತ್ತಿಲ್ಲವಲ್ಲ ಎಂದು ನನಗೆ ತಡೆಯಲಾಗದೆ ಅಳು ಬಂತು.

ಯುದ್ಧ ಮುಗಿಯಿತು. ಆರು ತಿಂಗಳಾಗಿರಬೇಕು, ಒಂದು ಮಧ್ಯಾಹ್ನ ಹಾಜಿಗಳು ನನ್ನ ಅಂಗಡಿಯ ಮೆಟ್ಟಿಲು ಹತ್ತಿದರು. ಅವರು ಅಲ್ಲಿಗೆ ಬಂದವರೇ ಅಲ್ಲ. ಕೈಯಲ್ಲಿ ಈಜಿಪ್ಟಿನ ಅಂಚೆಚೀಟಿಯಿದ್ದ ಒಂದು ಕಾಗದ. ಗದೆಗಳನ್ನು ಸರಿಸಿ ಬೆಂಚಿನ ಮೇಲೆ ಜಾಗ ಮಾಡಿಕೊಟ್ಟೆ.

“ಸಾಹೇಬ್ರ ಹೆಸರಿಗೆ ಬಂದಿತ್ತು. ಮೈಸೂರಲ್ಲಿ ಅರಬ್ಬಿ ಬಲ್ಲೋರ ಹತ್ರ ಓದಿಸ್ದೆ. ಯುದ್ಧ ಮುಗೀತು, ಹಡಗಿನ ನಾಟಕ ಬೇಗ ಕಳ್ಸು, ಆಡೋರು ಕಾಯ್ತಾವ್ರೆ ಅಂತ ಬರೆದವ್ರೆ. ಯಾವ್ದು ಯಜಮಾನ್ರೆ ಈ ಹಡಗಿನ ನಾಟಕ? ನಿಮ್ಮತ್ರ ಇದೆಯಾ?”

ಇನ್ನು ಯಾರಿಗೋಸ್ಕರ ಮುಚ್ಚಿಡಲಿ? ಅವರನ್ನು ಓಡಿಸುವವರು ಇನ್ನು ಯಾರು? “ಅದನ್ನೇ ಹಾಜಿ ಸಾಹೇಬ್ರೆ, ನೀವು ಹೊಳೆಗೆ ಕೊಟ್ಟದ್ದು” ಎಂದೆ. ಅವರು ನಾಟಕದವರು, ನಿಮ್ಮ ಮನೆಗೆ ತಿಳಿಯಬಾರದೆಂದು ನನ್ನಿಂದ ಆಣೆ ತೆಗೆದುಕೊಂಡಿದ್ದರು, ದೇವರ ಮಾತು ಎಂದು ನಾನೇ ಸುಳ್ಳು ಹೇಳಿದೆ ಎಂದು ಎಲ್ಲವನ್ನೂ ಬಿಡಿಸಿ ಹೇಳಿದೆ.

ಹಾಜಿಗಳು ನನ್ನ ಮುಖವನ್ನೇ ನೋಡಿದರು.

“ಅವರು ನಾಟಕದೋರು ಅಂತ ನನಗೆ ಹಡಗಿನಲ್ಲೇ ಗೊತ್ತಿತ್ತಲ್ರೀ! ಇಪ್ಪತ್ತು ದಿನ ಜನ ಸಾಯ್ತಿದ್ರು. ಇವರು ಡಾಕ್ಟ್ರ ಥರ, ಕ್ಯಾಪ್ಟನ್ ಥರ ಆಡಿ ತೋರ್ಸಿ ಹಡಗನ್ನೇ ನಗ್ಸಿದ್ರು. ಸಾಯೋಕ್ ಮಲಗಿದ್ದೋನು ನಾನು, ನಕ್ಕೊಂಡು ಎದ್ದೆ. ಅದಕ್ಕೇ ಕರ್ಕೊಂಡ್ ಬಂದಿದ್ದು. ದಿನಾ ನಿಮ್ ಅಂಗಡಿಗೆ ಬರ್ತಿದ್ರಲ್ಲ, ನಿಮ್ ಅಂಗಡಿಗೆ ಇನ್ಯಾತಕ್ಕೆ ಬರ್ತಾರೆ? ಅವರಾಗಿ ಹೇಳ್ಕೊಳ್ಳಲಿಲ್ಲ, ದೊಡ್ಡೋರನ್ನ ಕೆದಕಬಾರ್ದು ಅಂತ ನಾನೂ ಕೇಳ್ಲಿಲ್ಲ.”

ನಾನು ಸರಿಸಿದ್ದ ಗದೆಯೊಂದನ್ನು ಎತ್ತಿ ಮತ್ತೆ ಅಲ್ಲೇ ಇಟ್ಟೆ.

“ನಾಟಕ ಅಂದಿದ್ರೆ ಗೆದ್ದಲು ತಿಂದಿದ್ರೂ, ನೆಂದಿದ್ರೂ, ಕಬ್ಬಿಣದ ಪೆಟ್ಗೇಲಿ ಇಟ್ಟಿರ್ತಿದ್ದೆ. ದೇವ್ರ ಮಾತು ಅಂದ್ರಲ್ಲ ನೀವು. ಹರಿದೋದ ದೇವ್ರ ಮಾತನ್ನ ನಾನು ಹೆಂಗೆ ಮನೇಲಿಟ್ಕೊಳ್ಳಲಿ?” ಎಂದರು. ಆಮೇಲೆ, “ಅವತ್ತು ನನ್ನ ಕೈಗೆ ಮುತ್ತಿಟ್ರಲ್ಲ” ಎಂದು ಶುರುಮಾಡಿ, ತಮ್ಮ ಎರಡು ಕೈಗಳನ್ನೂ ಮೊಣಕಾಲಿನ ಮೇಲೆ ಮಲಗಿಸಿಕೊಂಡು ನೋಡುತ್ತ ಕುಳಿತರು.

ಏಳುವಾಗ ಕಾಗದವನ್ನು ನನ್ನ ಮುಂದೆ ಬೆಂಚಿನ ಮೇಲೆ ಇಟ್ಟರು. “ಜವಾಬು ಬರೆಸ್ಬೇಕು. ಏನಂತ ಬರೆಸಲಿ ಹೇಳಿ ಯಜಮಾನ್ರೆ” ಎಂದರು. ಯೋಚನೆ ಮಾಡಿ ಹೇಳುತ್ತೇನೆ ಎಂದೆ. ಅವರು ಮತ್ತೆ ಎರಡು ಸಲ ಬಂದು ಕೇಳಿದರು, ಆಮೇಲೆ ಕೇಳುವುದನ್ನು ಬಿಟ್ಟರು. ಹಾಜಿಗಳೂ ಈಗ ಇಲ್ಲ. ಕಾಗದ ನನ್ನಲ್ಲೇ ಇದೆ, ಜವಾಬು ಹೋಗಿಲ್ಲ.